ರಾಜದೈವಿಕ: ಕರಾರುಪತ್ರದ ಒಂದು ಕಲಮಿನ ವಿಮರ್ಶೆ

ಕರಾರುಪತ್ರಗಳ ಕೊನೆಯ ಭಾಗದಲ್ಲಿ, ಸಹಿ ಮಾಡುವವರ ಕಣ್ಣು ದಣಿದ ಮೇಲೆ ಬರುವ ಕಲಮೊಂದುಂಟು. ಇಂಗ್ಲಿಷ್ ಪತ್ರಗಳಲ್ಲಿ ಅದಕ್ಕೆ ಫೋರ್ಸ್ ಮಜೂರ್ ಎಂಬ ಫ್ರೆಂಚ್ ಹೆಸರು ನಿಂತಿದೆ. ಮೇಲಾದ ಬಲ ಎಂಬುದು ಅದರ ಅಕ್ಷರಾರ್ಥ. ಕರಾರಿಗೆ ಒಳಪಟ್ಟವನ ಕೈಮೀರಿದ ಘಟನೆಯೊಂದು ನಡೆದು, ಅದರಿಂದ ಅವನು ಮಾತು ನಡೆಸಲಾರದೆ ಹೋದರೆ, ಅವನನ್ನು ತಪ್ಪುಗಾರನೆಂದು ಎಣಿಸತಕ್ಕದ್ದಲ್ಲವೆಂಬುದು ಆ ಕಲಮಿನ ತಾತ್ಪರ್ಯ. ಇದನ್ನು ಕನ್ನಡಕ್ಕೆ ತರುವವರು 'ದೈವಿಕ ಘಟನೆ' ಎಂದೋ 'ದೇವರ ಕೃತ್ಯ' ಎಂದೋ ಬರೆದು ಮುಂದೆ ಸಾಗುವುದುಂಟು. ಈ ಅನುವಾದದಲ್ಲಿ ಅರ್ಧ ಅರ್ಥವು ಲೋಪವಾಗಿದೆಯೆಂದೂ, ಲೋಪವಾದ ಆ ಅರ್ಧವೇ ನಮ್ಮ ಸೀಮೆಯ ಜನಕ್ಕೆ ಹೆಚ್ಚು ಬೇಕಾದುದೆಂದೂ, ಅದಕ್ಕೆ ತಕ್ಕ ಮಾತು ನಮ್ಮ ಧರ್ಮಶಾಸ್ತ್ರದಲ್ಲಿ ಬಹುಕಾಲದ ಹಿಂದೆಯೇ ಸಿದ್ಧವಾಗಿತ್ತೆಂದೂ ತೋರಿಸುವುದು ಈ ಲೇಖನದ ಉದ್ದೇಶ.

ವಿಚಾರಕ್ಕೆ ಒಂದು ನೆಲೆ ಬೇಕಷ್ಟೆ. ಚಿತ್ರದುರ್ಗ ಜಿಲ್ಲೆಯ ಹಿರಿಯೂರು ತಾಲ್ಲೂಕಿನ ಜವನಗೊಂಡನಹಳ್ಳಿ ಹೋಬಳಿಯನ್ನು ತೆಗೆದುಕೊಳ್ಳೋಣ. (ಹಳಗನ್ನಡದಲ್ಲಿ ಜವನೆಂದರೆ ಯಮ, ಆ ಕಾರಣಕ್ಕಾಗಿ ಈ ಊರನ್ನು ಆರಿಸಿದೆನೆಂದು ವಾಚಕರು ಭಾವಿಸಬಾರದು. ಯಾವನೋ ಒಬ್ಬ ಗಾವುಂಡನ ಹೆಸರು ಇಲ್ಲಿ ಉಳಿದುಕೊಂಡಿರುವಂತೆ ತೋರುತ್ತದೆ.) ಬೆಂಗಳೂರಿನಿಂದ ಶಿರಾ ಮಾರ್ಗವಾಗಿ ಹಿರಿಯೂರು, ಚಿತ್ರದುರ್ಗಗಳಿಗೆ ಹೋಗುವ ಹೆದ್ದಾರಿ ಈ ಊರನ್ನು ಹಾದುಹೋಗುತ್ತದೆ. ತಾಲ್ಲೂಕಿನ ವಾಡಿಕೆಯ ಮಳೆ ವರ್ಷಕ್ಕೆ ೬೦೦ ಮಿಲಿಮೀಟರಿಗಿಂತ ಕಡಮೆ. ಬಿಸಿಲು ಗಾಳಿಗಳಿಗೆ ಮಾತ್ರ ಕೊರತೆಯಿಲ್ಲ. ಜಿಲ್ಲೆಯ ಗುಡ್ಡಗಳ ಮೇಲೆ ಗಾಳಿಯಂತ್ರಗಳೂ ಬಯಲುಗಳಲ್ಲಿ ಸೌರಫಲಕಗಳೂ ನಿಂತಿವೆ. ಇಂಥ ಸೀಮೆಯ ರೈತನು ಬೆಳೆ ಮಾರುವ ಕರಾರಿಗೆ ಸಹಿ ಮಾಡಬಹುದು. ಸರಕು ಸಾಗಿಸುವ ಲಾರಿಯವನೊಡನೆ ಕರಾರು ಮಾಡಿಕೊಳ್ಳಬಹುದು. ತನ್ನ ಹೊಲದಲ್ಲಿ ಉತ್ಪನ್ನವಾಗುವ ವಿದ್ಯುತ್ತನ್ನು ಸರಬರಾಜು ಕಂಪನಿಗೆ ಮಾರುವ ಕರಾರನ್ನೂ ಮಾಡಿಕೊಳ್ಳಬಹುದು. ಮೂರರಲ್ಲಿಯೂ ನಮ್ಮ ಕಲಮು ಇರುವ ಸಂಭವವುಂಟು. ಆದರೆ ಅದನ್ನು ಬರೆದವನು ಹಿರಿಯೂರನ್ನು ಕಂಡವನಲ್ಲ. ಭೂಕಂಪ, ಚಂಡಮಾರುತ, ಜ್ವಾಲಾಮುಖಿ, ಸುನಾಮಿ ಎಂದು ಪಟ್ಟಿ ಸಾಗುತ್ತದೆ. ಜವನಗೊಂಡನಹಳ್ಳಿಗೆ ಸುನಾಮಿ ಬರಬೇಕಾದರೆ ಸಮುದ್ರವು ಮೊದಲು ಘಟ್ಟವನ್ನು ಹತ್ತಬೇಕು. ಇಲ್ಲಿನ ಕೆಲಸ ನಿಜವಾಗಿ ನಿಂತುಹೋಗುವ ಕಾರಣಗಳಿಗೆ ಆ ಪಟ್ಟಿಯಲ್ಲಿ ಎಷ್ಟೋ ವೇಳೆ ಸ್ಥಳವೇ ಇಲ್ಲ.

ಈಗ ಹಳೆಯ ಮಾತಿಗೆ ಬರೋಣ. ಯಾಜ್ಞವಲ್ಕ್ಯಸ್ಮೃತಿಯ ವ್ಯವಹಾರಾಧ್ಯಾಯದಲ್ಲಿ ಮೂರು ಕಡೆ ಈ ವಿಷಯವು ಬರುತ್ತದೆ. ಒತ್ತೆಯಿಟ್ಟ ವಸ್ತು, ಎಂದರೆ ಆಧಿ, ನಾಶವಾದರೆ ಸಾಲ ಕೊಟ್ಟವನು ಅದನ್ನು ತುಂಬಿಕೊಡಬೇಕು; ದೈವದಿಂದಲೋ ರಾಜನಿಂದಲೋ ನಾಶವಾದರೆ ತುಂಬಿಕೊಡಬೇಕಾಗಿಲ್ಲ. ಮುದ್ರೆಯೊತ್ತಿ ನಂಬಿಕೆಯಿಂದ ಒಪ್ಪಿಸಿದ ಇಡುಗಂಟನ್ನು ರಾಜನೋ ದೈವವೋ ಕಳ್ಳರೋ ಅಪಹರಿಸಿದರೆ ಇಟ್ಟುಕೊಂಡವನು ಹೊಣೆಯಲ್ಲ. ಹೊರೆ ಸಾಗಿಸುವವನು ಕಳೆದ ಸರಕಿಗೆ ಹೊಣೆ. ನಷ್ಟವು ರಾಜದೈವಿಕವಾದರೆ ಹೊಣೆಯಲ್ಲ. ರಾಜದೈವಿಕವೆಂಬ ಈ ಸಮಾಸವೇ ನಮ್ಮ ವಿಚಾರದ ಕೇಂದ್ರ. ಕೈಮೀರಿದ ಬಲಗಳನ್ನು ಸ್ಮೃತಿಕಾರನು ಎಣಿಸುವಾಗ ದೇವರೊಬ್ಬನನ್ನೇ ಹೆಸರಿಸಿ ಸುಮ್ಮನಾಗಲಿಲ್ಲ; ಆಳುವವನನ್ನೂ ಅದೇ ಸಾಲಿನಲ್ಲಿ ಕೂರಿಸಿದನು. ಈ ಸಮಾಸದಲ್ಲಿ ರಾಜನ ಹೆಸರು ಮುಂದೆ ಬಂದಿರುವುದು ಛಂದಸ್ಸಿನ ಅನುಕೂಲಕ್ಕಾಗಿ ಇದ್ದೀತು. ಆದರೂ ಇಂದಿನ ವ್ಯವಹಾರವನ್ನು ನೋಡಿದವರಿಗೆ ಆ ಕ್ರಮವು ಸರಿಯೆಂದೇ ತೋರುವುದು.

ಈ ಸ್ಮೃತಿಗೆ ಮಿತಾಕ್ಷರಾ ಎಂಬ ವ್ಯಾಖ್ಯಾನವನ್ನು ಬರೆದ ವಿಜ್ಞಾನೇಶ್ವರನು ನಮ್ಮವನು. ೧೦೭೬ ರಿಂದ ೧೧೨೬ ರ ವರೆಗೆ ಆಳಿದ ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ಕಲ್ಯಾಣದಲ್ಲಿದ್ದವನು. ಆಧಿಯ ಪ್ರಕರಣದಲ್ಲಿ ಅವನು ಮಾಡುವ ಅರ್ಥವಿವರಣೆ ಬಹು ಚಿಕ್ಕದು, ಬಹು ಬೆಲೆಯುಳ್ಳದು. ದೈವಕೃತವೆಂದರೆ ಬೆಂಕಿ, ನೀರು, ದೇಶದ ಉಪಪ್ಲವ ಮೊದಲಾದವು ಎನ್ನುತ್ತಾನೆ. ಇಲ್ಲಿ ದೇವತಾವಿಚಾರವಿಲ್ಲ, ಕರ್ಮವಿಚಾರವಿಲ್ಲ. ಕಣ್ಣಿಗೆ ಕಾಣುವ ಕಾರಣಗಳ ಹೆಸರುಗಳು ಮಾತ್ರ ಇವೆ. ರಾಜಕೃತವನ್ನು ಹೇಳುವಾಗಲಾದರೋ ಒಂದು ವಿಶೇಷಣವನ್ನು ಸೇರಿಸುತ್ತಾನೆ: ಅದು ತನ್ನ ಅಪರಾಧವಿಲ್ಲದೆ ಬಂದದ್ದಾಗಿರಬೇಕು. ತಾನು ತಪ್ಪು ಮಾಡಿ, ಅದಕ್ಕಾಗಿ ರಾಜನು ಮನೆಯನ್ನು ಮುಟ್ಟುಗೋಲು ಹಾಕಿದಾಗ ಅದರೊಡನೆ ಒತ್ತೆಯ ವಸ್ತುವೂ ಹೋದರೆ, ರಾಜಕೃತವೆಂದು ತಪ್ಪಿಸಿಕೊಳ್ಳುವ ಹಾಗಿಲ್ಲ. ಮುಂದೆ ಇನ್ನೊಂದು ಮಾತು ಬರುತ್ತದೆ. ಒತ್ತೆಯ ವಸ್ತುವು ರಾಜದೈವಗಳಿಂದ ನಾಶವಾದರೆ ಸಾಲವೂ ನಾಶವಾಯಿತೆಂದಲ್ಲ. ಸಾಲಗಾರನು ಬಡ್ಡಿಯೊಡನೆ ಅಸಲನ್ನು ಕೊಡಬೇಕು, ಇಲ್ಲವೆ ಬೇರೊಂದು ಒತ್ತೆಯನ್ನು ತಂದಿಡಬೇಕು. ತಪ್ಪು ಯಾರದೂ ಅಲ್ಲವೆಂದು ಹೇಳಿ ಕೈತೊಳೆದುಕೊಳ್ಳದೆ, ನಷ್ಟವು ಯಾರ ಪಾಲಿಗೆ ಬರಬೇಕೆಂಬುದನ್ನೂ ಅವನು ಹೇಳಿ ಮುಗಿಸುತ್ತಾನೆ. ಇಂದಿನ ಕಲಮುಗಳಲ್ಲಿ ಬಹುಪಾಲು ಮಾಡದೆ ಬಿಡುವ ಕೆಲಸವಿದು. ಉಭಯಪಕ್ಷದವರೂ ಹೊಣೆಯಲ್ಲವೆಂದು ಬರೆದುಬಿಟ್ಟರೆ ನಷ್ಟವು ಗಾಳಿಯಲ್ಲಿ ನಿಲ್ಲುತ್ತದೆಯೆ?

ಹೀಗಿರಲು ಈ ಭಾಗವು ಏಕೆ ಮರೆತುಹೋಯಿತೆಂದು ಕೇಳಬಹುದು. ಮಿತಾಕ್ಷರೆಯ ದಾಯವಿಭಾಗವನ್ನು ಕೋಲ್‌ಬ್ರೂಕ್ ೧೮೧೦ ರಲ್ಲಿ ಇಂಗ್ಲಿಷಿಗೆ ತಂದನು. ಬ್ರಿಟಿಷ್ ನ್ಯಾಯಸ್ಥಾನಗಳಿಗೆ ಬೇಕಾದುದು ಅದೇ. ಆ ಮೇಲೆ ೧೮೭೨ ರ ಕರಾರು ಶಾಸನವು ಬಂದು ಋಣ, ಆಧಿ, ನಿಕ್ಷೇಪಗಳ ಹಳೆಯ ನಿಯಮಗಳಿಗೆ ನ್ಯಾಯಸ್ಥಾನದಲ್ಲಿ ಕೆಲಸವಿಲ್ಲದಂತೆ ಮಾಡಿತು. ಹೀಗಾಗಿ ವಿಜ್ಞಾನೇಶ್ವರನು ನಮ್ಮ ವಕೀಲರಿಗೆ ಆಸ್ತಿ ಪಾಲು ಮಾಡುವವನಾಗಿ ಮಾತ್ರ ಉಳಿದನು. ಜನರ ಬಾಯಲ್ಲಿ ಮಾತ್ರ ಆ ಪ್ರಕರಣವು ಸಾಯಲಿಲ್ಲ. ಭೂಮಿಯನ್ನು ಭೋಗ್ಯಕ್ಕೆ ಹಾಕುವುದೆಂಬ ನಮ್ಮ ಹಳ್ಳಿಗಳ ಮಾತು ಇದೇ ಆಧಿಪ್ರಕರಣದ ಪಾರಿಭಾಷಿಕ ಶಬ್ದ. ರಾಜದೈವಿಕವೆಂಬ ಜೋಡಿಯೂ ಪೂರ್ಣವಾಗಿ ಅಳಿಯಲಿಲ್ಲ. ಮರಾಠಿಯಲ್ಲಿ ಅದು ಅಸ್ಮಾನಿ ಸುಲ್ತಾನಿ ಎಂಬ ವೇಷದಲ್ಲಿ ನಿಂತಿದೆ. ಆಕಾಶದಿಂದ ಬಂದದ್ದೊಂದು, ಅರಮನೆಯಿಂದ ಬಂದದ್ದೊಂದು. ಭಾಷೆ ಬದಲಾದರೂ ಎಣಿಕೆ ಬದಲಾಗಲಿಲ್ಲವೆಂಬುದನ್ನು ಗಮನಿಸತಕ್ಕದ್ದು.

ಇಂಗ್ಲೆಂಡಿನ ನ್ಯಾಯವು ಬೇರೆ ದಾರಿಯಲ್ಲಿ ನಡೆಯಿತು. ೧೬೪೭ ರ ಪ್ಯಾರಡೈನ್ ಮತ್ತು ಜೇನ್ ಎಂಬವರ ವ್ಯಾಜ್ಯದಲ್ಲಿ, ರಾಜಕುಮಾರ ರೂಪರ್ಟನ ಸೈನ್ಯವು ಗೇಣಿದಾರನನ್ನು ಭೂಮಿಯಿಂದ ಅಟ್ಟಿತ್ತು. ಆದರೂ ಗೇಣಿಯನ್ನು ಕೊಡಲೇಬೇಕೆಂದು ತೀರ್ಪಾಯಿತು. ಮಾತು ಕೊಡುವಾಗಲೇ ಬೇಕಾದ ವಿನಾಯಿತಿಯನ್ನು ಬರೆಸಿಕೊಳ್ಳಬೇಕಾಗಿತ್ತೆಂಬುದು ನ್ಯಾಯಾಧೀಶರ ಅಭಿಪ್ರಾಯ. ಈ ಕಾಠಿನ್ಯವು ಸಡಿಲವಾದುದು ೧೮೬೩ ರಲ್ಲಿ. ಬಾಡಿಗೆಗೆ ಗೊತ್ತುಮಾಡಿದ್ದ ಸಂಗೀತಶಾಲೆ ಬೆಂಕಿಗೆ ಆಹುತಿಯಾದ ಟೇಲರ್ ಮತ್ತು ಕಾಲ್ಡ್‌ವೆಲ್‌ರ ವ್ಯಾಜ್ಯದಲ್ಲಿ. ಫೋರ್ಸ್ ಮಜೂರ್ ಎಂಬುದು ಫ್ರಾನ್ಸಿನಲ್ಲಿ ೧೮೦೪ ರ ಸಂಹಿತೆಯೇ ಕೊಟ್ಟ ವಿನಾಯಿತಿಯಾದರೆ, ಇಂಗ್ಲಿಷರಲ್ಲಿ ಅದು ಬರೆದುಕೊಂಡವರಿಗೆ ಮಾತ್ರ ದೊರೆಯುವ ವಿನಾಯಿತಿ. ನಮ್ಮ ಕರಾರು ಶಾಸನವು ಮಧ್ಯದಲ್ಲಿ ನಿಲ್ಲುತ್ತದೆ. ಕಲಮು ಇದ್ದರೆ ಕಲಮಿನ ಮಾತೇ ಪ್ರಮಾಣ, ಅದಕ್ಕೆ ಮುಖ್ಯವಾಗಿ ೩೨ ನೆಯ ಪ್ರಕರಣ. ಇಲ್ಲದಿದ್ದರೆ ನೆರವೇರಿಕೆ ಅಸಾಧ್ಯವಾದ ಕರಾರನ್ನು ಅನೂರ್ಜಿತವೆನ್ನುವ ೫೬ ನೆಯ ಪ್ರಕರಣ. ಅಸಾಧ್ಯವೆಂಬುದನ್ನು ಅಕ್ಷರಶಃ ಹಿಡಿಯಬೇಕಾಗಿಲ್ಲವೆಂದು ೧೯೫೪ ರ ಸತ್ಯವ್ರತ ಘೋಷರ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯವು ಹೇಳಿತು. ಆದರೆ ಅದೇ ತೀರ್ಪು ನಮ್ಮ ವಾದಕ್ಕೆ ಒಂದು ಕಡಿವಾಣವನ್ನೂ ಹಾಕುತ್ತದೆ. ಅಲ್ಲಿ ಕಲ್ಕತ್ತೆಯ ನಿವೇಶನಗಳಿದ್ದ ಭೂಮಿಯನ್ನು ಯುದ್ಧಕಾಲದಲ್ಲಿ ಸರ್ಕಾರವು ವಶಕ್ಕೆ ತೆಗೆದುಕೊಂಡಿತ್ತು. ನಿಸ್ಸಂದೇಹವಾಗಿ ಅದು ರಾಜಿಕ. ಹಾಗಿದ್ದರೂ ವಶವು ತಾತ್ಕಾಲಿಕವಾಗಿದ್ದುದರಿಂದಲೂ, ಕೆಲಸ ಮುಗಿಸುವುದಕ್ಕೆ ಕರಾರಿನಲ್ಲಿ ಕಾಲದ ಗಡುವು ಇರಲಿಲ್ಲವಾದುದರಿಂದಲೂ ಕರಾರು ಮುರಿಯಲಿಲ್ಲವೆಂದು ತೀರ್ಮಾನವಾಯಿತು. ರಾಜನ ಕೈ ತಗುಲಿದ ಮಾತ್ರಕ್ಕೆ ಬಿಡುಗಡೆಯಿಲ್ಲ.

ದೈವದ ಭಾಗವನ್ನು ಈಗ ಹಿರಿಯೂರಿನ ನೆಲದ ಮೇಲಿಟ್ಟು ನೋಡೋಣ. ಇಲ್ಲಿ ಮಳೆ ಹೋಯಿತೆಂದರೆ ಜನರು ದೈವವೆನ್ನುತ್ತಾರೆ. ಕರಾರಿನ ಕಣ್ಣಿಗೆ ಅದು ಹಾಗೆ ಕಾಣುವುದು ಕಷ್ಟ. ಏಕೆಂದರೆ ಮುನ್ನರಿಯಬಹುದಾದ ಘಟನೆಗೆ ಈ ಕಲಮು ಸುಲಭವಾಗಿ ಮಣಿಯದು, ಬರವು ಈ ಸೀಮೆಯಲ್ಲಿ ಮುನ್ನರಿಯದ ಅತಿಥಿಯಲ್ಲ. ಹಾಗಾದರೆ ಈರುಳ್ಳಿ ಬೆಳೆದು ಕೊಡುತ್ತೇನೆಂದು ಕರಾರು ಮಾಡಿದ ರೈತನ ಗತಿಯೇನು? ಇದಕ್ಕೆ ಉತ್ತರವು ಕರಾರಿನ ಒಂದೇ ಒಂದು ಪದದ ಮೇಲೆ ನಿಂತಿರಬಹುದು. ಇಂಗ್ಲೆಂಡಿನಲ್ಲಿ ೧೮೭೬ ರಲ್ಲಿ ಮೇಲ್ಮನವಿಯಲ್ಲಿ ತೀರ್ಮಾನವಾದ ಹೊವೆಲ್ ಮತ್ತು ಕೂಪ್‌ಲೆಂಡರ ವ್ಯಾಜ್ಯದಲ್ಲಿ, ತನ್ನ ಗೊತ್ತಾದ ಹೊಲದಲ್ಲಿ ಬೆಳೆಯುವ ೨೦೦ ಟನ್ ಆಲೂಗೆಡ್ಡೆಯನ್ನು ಒಬ್ಬನು ಮಾರಿದ್ದನು. ಬೆಳೆಗೆ ರೋಗ ತಗುಲಿತು. ಅವನಿಗೆ ವಿನಾಯಿತಿ ದೊರೆಯಿತು. ಹೊಲವನ್ನು ಹೆಸರಿಸದೆ ಬರಿಯ ೨೦೦ ಟನ್ ಎಂದಿದ್ದರೆ ಪೇಟೆಯಿಂದ ಕೊಂಡಾದರೂ ಒಪ್ಪಿಸಬೇಕಾಗುತ್ತಿತ್ತು. ಜವನಗೊಂಡನಹಳ್ಳಿಯ ರೈತನು ತನ್ನ ಕರಾರಿನಲ್ಲಿ ಹೊಲದ ಸರ್ವೆ ನಂಬರನ್ನು ಬರೆಸಿಕೊಂಡನೋ ಇಲ್ಲವೋ ಎಂಬುದು ಸುನಾಮಿ ಜ್ವಾಲಾಮುಖಿಗಳ ಪಟ್ಟಿಗಿಂತ ಅವನಿಗೆ ಹೆಚ್ಚು ಮುಖ್ಯವಾದ ಸಂಗತಿ.

ಬರದ ಮಾತು ಹೀಗಾದರೆ ನೆರೆಯ ಮಾತು ಇನ್ನೂ ಸ್ವಾರಸ್ಯವಾಗಿದೆ. ವೇದಾವತಿಗೆ ಅಡ್ಡಲಾಗಿ ಮಾರಿಕಣಿವೆಯಲ್ಲಿ ಕಟ್ಟಿದ ವಾಣೀವಿಲಾಸ ಸಾಗರದ ಕೆಲಸ ೧೮೯೮ ರಲ್ಲಿ ಆರಂಭವಾಗಿ ೧೯೦೭ ರಲ್ಲಿ ಮುಗಿಯಿತು. ಅದು ತುಂಬಿ ಕೋಡಿ ಹರಿದುದು ೧೯೩೩ ರಲ್ಲಿ. ಮತ್ತೆ ಕೋಡಿ ಬಿದ್ದುದು ೮೯ ವರ್ಷಗಳ ಮೇಲೆ, ೨೦೨೨ ರ ಸೆಪ್ಟೆಂಬರಿನಲ್ಲಿ. ಆ ಮೇಲೆ ೨೦೨೫ ರ ಜನವರಿಯಲ್ಲಿ. ೨೦೨೧ ರಲ್ಲಿ ಅಣೆಕಟ್ಟೆಯ ಕೆಳಗೆ ನದಿಯ ಪಾತ್ರದಲ್ಲಿ ಕೆಲಸ ಹಿಡಿದ ಗುತ್ತಿಗೆದಾರನೊಬ್ಬನಿದ್ದನೆಂದು ಭಾವಿಸೋಣ. ಎಂಬತ್ತೆಂಟು ವರ್ಷ ಬಾರದ ನೀರು ಬಂದಿತು, ಇದು ದೈವಿಕವೆಂದು ಅವನು ವಾದಿಸಿಯಾನು. ಪ್ರತಿಪಕ್ಷದವನು ಕೋಡಿಯ ಕಟ್ಟಡವನ್ನೇ ತೋರಿಸಿಯಾನು: ನೀರು ಹರಿಯದೆಂದಿದ್ದರೆ ಇದನ್ನು ಏಕೆ ಕಟ್ಟಿದರು? ನನಗೆ ಎರಡನೆಯ ವಾದವೇ ಬಲವಾದುದೆಂದು ತೋರುತ್ತದೆ. ಅಪರೂಪವಾದುದೆಲ್ಲ ಮುನ್ನರಿಯಲಾಗದ್ದಲ್ಲ. ಅದಲ್ಲದೆ ೨೦೨೨ ರ ನೀರಿನಲ್ಲಿ ಮಳೆಯೊಡನೆ ಭದ್ರೆಯಿಂದ ಹರಿಸಿದ ನೀರೂ ಬೆರೆತಿತ್ತು; ಶುದ್ಧ ದೈವವೆನ್ನುವುದಕ್ಕೂ ಅಲ್ಲಿ ಅವಕಾಶವಿಲ್ಲ. ೨೦೨೫ ರ ಮೇಲಂತೂ ಈ ಕಲಮಿನ ಮರೆಯನ್ನು ಹೊಗುವುದು ಅಲ್ಲಿನ ಯಾವ ಗುತ್ತಿಗೆದಾರನಿಗೂ ಸುಲಭವಲ್ಲ.

ಹೆದ್ದಾರಿಯ ಲಾರಿಯ ವಿಷಯವಾಗಿ ಹೆಚ್ಚು ಬರೆಯಬೇಕಾಗಿಲ್ಲ. ೨೦೨೦ ರ ಮಾರ್ಚಿ ೨೫ ರಿಂದ ದೇಶವೆಲ್ಲ ದಿಗ್ಬಂಧನಕ್ಕೆ ಒಳಗಾದಾಗ ಕರಾರುಗಳವರು ಎಲ್ಲೆಲ್ಲಿಯೂ ಈ ಕಲಮನ್ನು ಹುಡುಕಿದರು. ಅದೇ ವರ್ಷ ಫೆಬ್ರವರಿ ೧೯ ರಂದೇ ಕೇಂದ್ರದ ಹಣಕಾಸು ಇಲಾಖೆಯು ಕರೋನಾ ವ್ಯಾಧಿಯನ್ನು ನೈಸರ್ಗಿಕ ವಿಪತ್ತೆಂದು ಎಣಿಸಿ ಈ ಕಲಮನ್ನು ಬಳಸಬಹುದೆಂದು ಜ್ಞಾಪನಪತ್ರ ಹೊರಡಿಸಿತ್ತು. ಅಲ್ಲಿಯೂ ದೈವದ ಹೆಸರೇ ಮುಂದೆ. ಆದರೆ ಶಿರಾ ಹಿರಿಯೂರುಗಳ ನಡುವೆ ಲಾರಿಯೊಂದು ನಿಂತಿದ್ದರೆ ಅದನ್ನು ನಿಲ್ಲಿಸಿದುದು ರೋಗಾಣುವಲ್ಲ, ಸರ್ಕಾರದ ಆಜ್ಞೆ. ವ್ಯಾಧಿಯು ದೈವ, ದಿಗ್ಬಂಧನವು ರಾಜಿಕ. ಹೊರೆಯವನ ಹೊಣೆಯನ್ನು ಹೇಳುವ ಹಳೆಯ ಶ್ಲೋಕದಲ್ಲಿ ಎರಡೂ ಇದ್ದುದರಿಂದ ಈ ಕಷ್ಟವು ಅಲ್ಲಿ ಹುಟ್ಟುವುದಿಲ್ಲ.

ಇನ್ನು ವಿದ್ಯುತ್ತಿನ ಕರಾರು. ಕರ್ನಾಟಕ ಸರ್ಕಾರದ ೨೦೧೪ ರ ಸೌರನೀತಿಯಲ್ಲಿ ಭೂಮಿಯುಳ್ಳ ರೈತರು ೧ ರಿಂದ ೩ ಮೆಗಾವಾಟಿನ ಸ್ಥಾವರಗಳನ್ನು ಹಾಕಿ ವಿದ್ಯುತ್ತನ್ನು ಮಾರಬಹುದೆಂಬ ಏರ್ಪಾಡಿತ್ತು. ಯುನಿಟ್ಟಿಗೆ ೮ ರೂಪಾಯಿ ೪೦ ಪೈಸೆ ದರ. ಕರಾರಾದ ೧೮ ತಿಂಗಳೊಳಗೆ ಸ್ಥಾವರವು ನಡೆಯಬೇಕು. ಜವನಗೊಂಡನಹಳ್ಳಿಗೂ ವಿದ್ಯುತ್ತನ್ನು ಕೊಡುವ ಬೆಂಗಳೂರು ವಿದ್ಯುತ್ ಸರಬರಾಜು ಕಂಪನಿ ಈ ಬಗೆಯ ಕರಾರುಗಳಲ್ಲಿ ಕೊಳ್ಳುವ ಪಕ್ಷ. ಕರಾರಾದ ಮೇಲೆ ಕೃಷಿಭೂಮಿಯನ್ನು ಬೇರೆ ಉಪಯೋಗಕ್ಕೆ ಪರಿವರ್ತಿಸುವ ಆಜ್ಞೆ ಬೇಕು, ಜಾಲಕ್ಕೆ ವಿದ್ಯುತ್ತನ್ನು ಸೇರಿಸುವ ಅನುಮತಿ ಬೇಕು. ಇವೆರಡೂ ಸರ್ಕಾರದ ಕಚೇರಿಗಳಿಂದ ಬರಬೇಕು. ತಡವಾಯಿತು. ತಡವಾದವರಿಗೆ ನಿಯಂತ್ರಣ ಆಯೋಗವು ದರವನ್ನು ೪ ರೂಪಾಯಿ ೩೬ ಪೈಸೆಗೆ ಇಳಿಸಿತು. ಈ ವ್ಯತ್ಯಾಸವು ಸಣ್ಣದಲ್ಲ. ಒಂದು ಮೆಗಾವಾಟಿನ ಸ್ಥಾವರವು ವರ್ಷಕ್ಕೆ ಸುಮಾರು ೧೫ ಲಕ್ಷ ಯುನಿಟ್ಟು ಕೊಡುವುದೆಂದು ಹಿಡಿದರೆ, ವರ್ಷವೊಂದಕ್ಕೆ ಸುಮಾರು ೬೦ ಲಕ್ಷ ರೂಪಾಯಿ. ಕರಾರು ೨೫ ವರ್ಷದ್ದು. ಸ್ಥಾವರಕ್ಕಾಗಿ ಮಾಡಿದ ಸಾಲವಾದರೋ ದರದೊಡನೆ ಇಳಿಯುವಂಥದಲ್ಲ.

ಇಂಥ ವ್ಯಾಜ್ಯಗಳಲ್ಲೊಂದು, ಹಿರೇಹಳ್ಳಿ ಸೌರಸ್ಥಾವರದ್ದು, ಸರ್ವೋಚ್ಚ ನ್ಯಾಯಾಲಯವನ್ನು ಮುಟ್ಟಿತು. ವಿದ್ಯುತ್ ಮೇಲ್ಮನವಿ ನ್ಯಾಯಮಂಡಳಿಯು ೨೦೨೧ ರಲ್ಲಿ ಸ್ಥಾವರದವರ ಪರವಾಗಿ ತೀರ್ಮಾನಿಸಿತ್ತು. ಕಂಪನಿಯ ಮೇಲ್ಮನವಿಯನ್ನು ಸರ್ವೋಚ್ಚ ನ್ಯಾಯಾಲಯವು ೨೦೨೪ ರ ಆಗಸ್ಟ್ ೨೭ ರಂದು ತಳ್ಳಿಹಾಕಿ, ಅನುಮತಿಗಳ ವಿಳಂಬವು ಈ ಕಲಮಿಗೆ ಒಳಪಡುವುದೆಂಬ ತೀರ್ಮಾನವನ್ನು ಎತ್ತಿಹಿಡಿಯಿತು. ಕಾನೂನಿನ ಅಗತ್ಯಗಳನ್ನೆಲ್ಲ ಪಾಲಿಸಿದ ಮೇಲೂ ಅನುಮತಿ ದೊರೆಯದಿರುವುದೂ ಕಲಮಿನ ಪಟ್ಟಿಯಲ್ಲಿ ಸೇರಿದ್ದುದು ಇಲ್ಲಿ ಗಮನಾರ್ಹ. 'ಪಾಲಿಸಿದ ಮೇಲೂ' ಎಂಬುದೇನು? ತನ್ನ ಅಪರಾಧವಿಲ್ಲದೆ ಬಂದ ರಾಜಕೃತ ಎಂದು ವಿಜ್ಞಾನೇಶ್ವರನು ಹೇಳಿದುದೇ ಅಲ್ಲವೆ! ಈ ಕಲಮನ್ನು ಕನ್ನಡದಲ್ಲಿ 'ದೈವಿಕ ಘಟನೆ' ಎಂದಷ್ಟೇ ಬರೆದಿದ್ದರೆ ಈ ರೈತರಿಗೆ ನಿಲ್ಲಲು ನೆಲವಿರುತ್ತಿರಲಿಲ್ಲ. ತಹಶೀಲ್ದಾರರ ಕಚೇರಿಯಲ್ಲಿ ಕಡತವು ತಿಂಗಳುಗಟ್ಟಲೆ ಮಲಗಿದುದನ್ನು ದೇವರ ಕೃತ್ಯವೆಂದು ಯಾವ ನ್ಯಾಯಾಧೀಶನು ಒಪ್ಪಿಯಾನು?

ಆದರೆ ಬೆಲೆಯೇರಿದುದು ರಾಜಿಕವಾಗದು. ಇಂಡೋನೇಷಿಯಾ ಸರ್ಕಾರದ ನಿಯಮದಿಂದ ಕಲ್ಲಿದ್ದಲಿನ ಬೆಲೆ ಏರಿತೆಂದು ವಿನಾಯಿತಿ ಬೇಡಿದ ವಿದ್ಯುತ್ ಕಂಪನಿಗಳಿಗೆ ೨೦೧೭ ರ ಎನರ್ಜಿ ವಾಚ್‌ಡಾಗ್ ತೀರ್ಪಿನಲ್ಲಿ ಅದು ದೊರೆಯಲಿಲ್ಲ. ಕೆಲಸವು ಹೆಚ್ಚು ಖರ್ಚಿನದಾಯಿತೆಂಬುದು ಬೇರೆ, ಕೆಲಸವು ನಿಂತಿತೆಂಬುದು ಬೇರೆ.

ಮೊದಲೇ ತಪ್ಪಿದವನ ಮಾತೂ ಇದೆ. ಇಡುಗಂಟಿನ ಪ್ರಕರಣದಲ್ಲಿ ಯಾಜ್ಞವಲ್ಕ್ಯನು ಇದನ್ನು ಬಿಟ್ಟಿಲ್ಲ: ಒಡೆಯನು ಬಂದು ಕೇಳಿದಾಗ ಕೊಡದೆ ಇಟ್ಟುಕೊಂಡವನ ಕೈಯಲ್ಲಿ ವಸ್ತುವು ಆ ಮೇಲೆ ನಾಶವಾದರೆ, ರಾಜದೈವಗಳನ್ನು ಹೇಳಿಕೊಂಡು ಪ್ರಯೋಜನವಿಲ್ಲ, ಬೆಲೆಯನ್ನೂ ತೆರಬೇಕು, ಅಷ್ಟೇ ದಂಡವನ್ನೂ ತೆರಬೇಕು. ದೆಹಲಿಯ ಉಚ್ಚ ನ್ಯಾಯಾಲಯವು ೨೦೨೦ ರ ಮೇ ತಿಂಗಳಲ್ಲಿ ಹ್ಯಾಲಿಬರ್ಟನ್ ಮತ್ತು ವೇದಾಂತ ಕಂಪನಿಗಳ ವ್ಯಾಜ್ಯದಲ್ಲಿ ಇದೇ ದಾರಿಯನ್ನು ಹಿಡಿಯಿತು. ಹಿಂದಿನ ವರ್ಷದಿಂದಲೇ ಗಡುವು ತಪ್ಪಿದ್ದವನು ಆ ಮೇಲೆ ಬಂದ ವ್ಯಾಧಿಯನ್ನು ನೆಪವಾಗಿ ಮಾಡಿಕೊಳ್ಳಲಾಗದು. ಸೌರಸ್ಥಾವರದ ರೈತನೂ ಇದನ್ನು ನೆನಪಿನಲ್ಲಿಡಬೇಕು: ಭೂಪರಿವರ್ತನೆಯ ಅರ್ಜಿಯನ್ನೇ ತಡವಾಗಿ ಹಾಕಿದವನಿಗೆ ಕಚೇರಿಯ ವಿಳಂಬವು ಆಶ್ರಯವಾಗದು. ಅರ್ಜಿಯ ತಾರೀಖು, ಸ್ವೀಕೃತಿಯ ಮುದ್ರೆ, ಎದುರುಪಕ್ಷಕ್ಕೆ ಕೊಟ್ಟ ನೋಟೀಸು, ಇವೇ ಅಲ್ಲಿ ಸಾಕ್ಷಿ.

ನಮ್ಮ ಸಲಹೆಗೆ ಬರಬಹುದಾದ ಆಕ್ಷೇಪಗಳಲ್ಲಿ ಎರಡನ್ನು ಎತ್ತಿಕೊಳ್ಳುತ್ತೇನೆ. ದೈವವೆಂಬುದು ಮತದ ಶಬ್ದ, ಕಾನೂನಿಗೆ ಸಲ್ಲದೆಂಬುದು ಮೊದಲನೆಯದು. ಬೆಂಕಿ ನೀರುಗಳೆಂದು ವ್ಯಾಖ್ಯಾನಕಾರನೇ ಅರ್ಥ ಕಟ್ಟಿಕೊಟ್ಟಿರುವಾಗ ಈ ಭಯಕ್ಕೆ ಎಡೆಯಿಲ್ಲ. ಇಂಗ್ಲಿಷಿನವರು ಆಕ್ಟ್ ಆಫ್ ಗಾಡ್ ಎನ್ನುವಾಗ ಯಾರೂ ಭಯಪಟ್ಟುದನ್ನು ಕಾಣೆ. ಎರಡನೆಯದು ಹೆಚ್ಚು ತೂಕದ್ದು. ಸ್ಮೃತಿಯ ನಿಯಮಗಳು ಪರರ ವಸ್ತುವನ್ನು ಕೈಯಲ್ಲಿಟ್ಟುಕೊಂಡವನಿಗೆ ಸಂಬಂಧಿಸಿದುವು. ಇಂದಿನ ಕಲಮು ಮುಂದೆ ಮಾಡಬೇಕಾದ ಕೆಲಸಕ್ಕೆ ಸಂಬಂಧಿಸಿದುದು. ಕಳೆದ ವಸ್ತುವಿನ ನ್ಯಾಯವು ನಡೆಯದ ಕೆಲಸಕ್ಕೆ ಹಾಗೆಯೇ ಹೊಂದೀತೆ? ಪೂರ್ಣವಾಗಿ ಹೊಂದದೆಂದು ಒಪ್ಪುತ್ತೇನೆ. ನಾನು ಎರವಲು ಕೇಳುತ್ತಿರುವುದು ಶಬ್ದವನ್ನೂ, ಅದರೊಳಗಿನ ವಿಂಗಡಣೆಯನ್ನೂ, ಅಪರಾಧವಿಲ್ಲದೆ ಎಂಬ ವಿಶೇಷಣವನ್ನೂ. ಹಳೆಯ ನಿಯಮಗಳನ್ನು ಇಡಿಯಾಗಿ ಅಲ್ಲ. ಮುಷ್ಕರ, ಯುದ್ಧ ಮೊದಲಾದುವನ್ನು ಬೇರೆಯಾಗಿ ಹೆಸರಿಸಲೇಬೇಕು. ಯಾಜ್ಞವಲ್ಕ್ಯನೂ ಕಳ್ಳರನ್ನು ಬೇರೆಯಾಗಿಯೇ ಹೆಸರಿಸಿದನಷ್ಟೆ.

ಹಳೆಯ ಮಾತು ನಿಜವಾಗಿ ಸೋಲುವ ಸ್ಥಳವು ಬೇರೊಂದಿದೆ. ಒತ್ತೆ, ಇಡುಗಂಟು, ಹೊರೆಗಳ ಆ ಪ್ರಕರಣಗಳಲ್ಲಿ ರಾಜನು ಹೊರಗಿನವನು. ಇಬ್ಬರು ಪ್ರಜೆಗಳ ನಡುವಣ ವ್ಯವಹಾರದ ಮೇಲೆ ಮೇಲಿನಿಂದ ಬಂದು ಬೀಳುವವನು. ಜವನಗೊಂಡನಹಳ್ಳಿಯ ಸೌರಕರಾರಿನಲ್ಲಿ ಹಾಗಲ್ಲ. ವಿದ್ಯುತ್ತನ್ನು ಕೊಳ್ಳುವ ಕಂಪನಿ ಸರ್ಕಾರದ ಒಡೆತನದ್ದು. ಜಾಲಕ್ಕೆ ಸೇರಿಸುವ ಅನುಮತಿಯನ್ನು ಕೊಡಬೇಕಾದ ಪ್ರಸರಣ ನಿಗಮವು ಸರ್ಕಾರದ್ದು. ಭೂಮಿಯನ್ನು ಪರಿವರ್ತಿಸಬೇಕಾದ ಕಂದಾಯ ಇಲಾಖೆಯೂ ಸರ್ಕಾರದ್ದು. ಒಂದು ಕೈ ತಡಮಾಡುತ್ತದೆ, ಇನ್ನೊಂದು ಕೈ ತಡವಾಯಿತೆಂದು ದರವನ್ನು ಇಳಿಸಲು ಕೇಳುತ್ತದೆ. ಕಾನೂನಿನಲ್ಲಿ ಇವು ಬೇರೆಬೇರೆ ವ್ಯಕ್ತಿಗಳೆಂಬುದು ನಿಜ. ಆದುದರಿಂದಲೇ ಕಂಪನಿಯು ವಿಳಂಬವು ತನ್ನದಲ್ಲವೆಂದು ಹೇಳಬಲ್ಲದು, ರೈತನೂ ಅದು ಮೇಲಾದ ಬಲವೆಂದು ಹೇಳಬಲ್ಲನು. ರಾಜನೇ ಕರಾರಿನ ಒಂದು ಪಕ್ಷವಾಗಿರುವಾಗ ರಾಜಿಕದ ನಷ್ಟವು ಯಾರ ಪಾಲಿಗೆ ಬರಬೇಕೆಂಬುದಕ್ಕೆ ಆ ಮೂರು ಪ್ರಕರಣಗಳಲ್ಲಿ ಉತ್ತರವಿಲ್ಲ. ಕನ್ನಡದಲ್ಲಿ ಈ ಕಲಮನ್ನು ಬರೆಯುವವನು ಅದನ್ನು ತಾನೇ ಬರೆದು ಸೇರಿಸಬೇಕು: ಸರ್ಕಾರದ ಯಾವ ಕಚೇರಿಯಿಂದ ವಿಳಂಬವಾದರೂ ಅಷ್ಟು ದಿನಗಳು ಗಡುವಿಗೆ ಕೂಡತಕ್ಕದ್ದು, ದರವು ಕರಾರಿನ ದಿನದ್ದೇ ಆಗಿರತಕ್ಕದ್ದು ಎಂದು.